ಮೂಕಿ ಚಿತ್ರಕ್ಕೆ ಮುಖ ಕೊಟ್ಟ ಕಮಲಾದೇವಿ

ಕಮಲಾದೇವಿ ಚಟ್ಟೋಪಾಧ್ಯಾಯ ಅಂದರೆ ನಮ್ಮಲ್ಲಿ ಬಹಳ ಜನಕ್ಕೆ ಕ್ವಿಜ್‌ನಲ್ಲಿ ಬರೋ ಒಂದು ಉತ್ತರ ಅಷ್ಟೆ. ಉಪ್ಪಿನ ಸತ್ಯಾಗ್ರಹ, ಕರಕುಶಲ ಮಂಡಳಿ, ಮ್ಯಾಗ್ಸೆಸೆ ಪ್ರಶಸ್ತಿ, ಇಷ್ಟು ಸುಳಿವು ಕೊಟ್ಟರೆ ಯಾರಾದರೂ ಬಜರ್ ಒತ್ತಿ ಹೆಸರು ಹೇಳಿಬಿಡ್ತಾರೆ. ಹೆಸರಿನ ಕೊನೆ ನೋಡಿ ಕಲ್ಕತ್ತೆಯವರು ಅಂದುಕೊಂಡವರೂ ನಮ್ಮ ಬಳಗದಲ್ಲೇ ಇದ್ದರು. ಅವರು ಹುಟ್ಟಿದ್ದು ಕಲ್ಕತ್ತೆಯಲ್ಲಲ್ಲ, ನಮ್ಮ ಘಟ್ಟದ ಕೆಳಗಿನ ಮಂಗಳೂರಿನಲ್ಲಿ, 1903ರ ಏಪ್ರಿಲ್ 3ರಂದು. ಕನ್ನಡ ನಾಡಿನ ಮೊದಲ ಮೂಕಿ ಚಿತ್ರಗಳಲ್ಲಿ ಒಂದಾದ ವಸಂತಸೇನೆಯಲ್ಲಿ ಅವರು ಪಾತ್ರ ಮಾಡಿದ್ದರು ಅನ್ನೋದು ಕ್ವಿಜ್ ಪುಸ್ತಕದಲ್ಲಿ ಸಿಕ್ಕರೂ ಕೊನೆಯ ಸಾಲಿನಲ್ಲಿ ಸಿಗುತ್ತೆ. ನಾವು ಆ ಕೊನೆಯ ಸಾಲಿನಿಂದಲೇ ಅವರ ಬದುಕನ್ನ ನೋಡೋಣ ಅಂತ ಹೊರಟಿದ್ದೇವೆ. ಕಾರಣ ಇದೆ. ಆ ಕಾಲದಲ್ಲಿ ಮರ್ಯಾದಸ್ಥ ಮನೆತನದ ಹೆಂಗಸು ಕ್ಯಾಮೆರಾ ಮುಂದೆ ನಿಲ್ಲೋದು ಅಂದರೆ ಮನೆತನದ ಮಾನವನ್ನೇ ಪಣಕ್ಕಿಟ್ಟ ಹಾಗೆ. ಕಮಲಾದೇವಿಗೆ ಅದು ಮೊದಲನೆಯ ಸಲವೂ ಆಗಿರಲಿಲ್ಲ, ಕೊನೆಯದೂ ಆಗಲಿಲ್ಲ.

ಮಾನ, ಮರ್ಯಾದೆ, ಹೆಸರು ಅನ್ನೋ ಮಾತುಗಳು ನಮಗೆ ಹೊಸದೇನಲ್ಲ. ನಮ್ಮಲ್ಲಿ ಯಸಳೂರು, ಹೆತ್ತೂರು ಕಡೆಯಿಂದ ಬಂದು ಹಾಸ್ಟೆಲ್ ಸೇರಿದವರನ್ನ ಕೇಳಿ ನೋಡಿ. ಸಕಲೇಶಪುರದಲ್ಲಿ ಯಾರ ಜೊತೆ ನಿಂತು ಕಾಫಿ ಕುಡಿದಿರಿ ಅನ್ನೋ ಸುದ್ದಿ, ಯಸಳೂರಿನಲ್ಲಿ ನೀವು ಬಸ್ಸಿಳಿಯೋ ಮುಂಚೆ ಮನೆ ಸೇರಿರುತ್ತೆ. ತೋಟದ ಮನೆಗಳ ನಡುವೆ ಒಂದೊಂದು ಗುಡ್ಡದ ಅಂತರ, ಮೊಬೈಲ್ ಸಿಗ್ನಲ್ ಸಿಗೋದೇ ಕಷ್ಟ. ಆದರೂ ಸುದ್ದಿಗೆ ಮಾತ್ರ ಯಾವ ಟವರೂ ಬೇಕಾಗಿಲ್ಲ. ಹುಡುಗನ ಬಗ್ಗೆ ಬಂದ ಸುದ್ದಿ ಎರಡು ದಿನ ಇರುತ್ತೆ, ಹುಡುಗಿಯ ಬಗ್ಗೆ ಬಂದದ್ದು ಅವಳ ಮದುವೆ ಮಾತುಕತೆಯವರೆಗೂ ಇರುತ್ತೆ. ಹೀಗೆ ಬೆಳೆದವರಿಗೆ ಕಮಲಾದೇವಿಯ ಬದುಕು ನೂರು ವರ್ಷ ಹಿಂದಿನದು ಅನ್ನಿಸೋದಿಲ್ಲ.

ಮಂಗಳೂರಿನ ಸಾರಸ್ವತ ಮನೆತನ. ತಂದೆ ಅನಂತಯ್ಯ ಧಾರೇಶ್ವರ ಬ್ರಿಟಿಷ್ ಸರ್ಕಾರದಲ್ಲಿ ದೊಡ್ಡ ಅಧಿಕಾರಿ. ತಾಯಿ ಗಿರಿಜಾಬಾಯಿ ಕರಾವಳಿಯ ಜಮೀನ್ದಾರಿ ಕುಟುಂಬದವರು, ಶಾಲೆಗೆ ಹೋಗದೆ ಮನೆಯಲ್ಲೇ ಓದು ಕಲಿತವರು. ಅಜ್ಜಿಗೆ ಪುರಾಣ, ಶಾಸ್ತ್ರಗಳ ಒಳ್ಳೆಯ ಪರಿಚಯ ಇತ್ತು. ಗೋಪಾಲಕೃಷ್ಣ ಗೋಖಲೆ, ಶ್ರೀನಿವಾಸ ಶಾಸ್ತ್ರಿ, ರಮಾಬಾಯಿ ರಾನಡೆ, ಆನಿ ಬೆಸೆಂಟ್ ಅಂಥವರ ಒಡನಾಟ ಇದ್ದ ಬಳಗ ಅದು. ಸೋದರಮಾವನ ಮನೆಯಲ್ಲಿ ದೊಡ್ಡವರು ಕೂತು ದೇಶದ ವಿಷಯ ಮಾತಾಡೋದನ್ನ ಕೇಳ್ತಾ ಈ ಹುಡುಗಿ ಬೆಳೆದಳು. ಅಕ್ಕ ಸಗುಣಾ ಆಕೆಗೆ ತುಂಬ ಹತ್ತಿರ. ಆ ಅಕ್ಕ ಮದುವೆಯಾದ ಸ್ವಲ್ಪ ಕಾಲಕ್ಕೇ, ಇನ್ನೂ ಹರೆಯದಲ್ಲೇ ತೀರಿಕೊಂಡಳು.

ಕಮಲಾದೇವಿಗೆ ಏಳು ವರ್ಷ ಆಗಿದ್ದಾಗ ತಂದೆಯೂ ಹೋದರು. ಉಯಿಲು ಬರೆದಿಟ್ಟಿರಲಿಲ್ಲ. ಆಗಿನ ಕಾನೂನಿನ ಪ್ರಕಾರ ಆಸ್ತಿಯೆಲ್ಲ ಮೊದಲ ಹೆಂಡತಿಯ ಮಗನಿಗೆ ಹೋಯಿತು. ಹೆಂಡತಿಗೆ, ಮಗಳಿಗೆ ಅಂತ ಸಿಕ್ಕಿದ್ದು ತಿಂಗಳಿಗಿಷ್ಟು ಅನ್ನೋ ಜೀವನಾಂಶ. ದೊಡ್ಡ ಮನೆಯ ಯಜಮಾನಿಯಾಗಿದ್ದವಳು ಒಂದೇ ದಿನದಲ್ಲಿ ಕೈಚಾಚಿ ಬದುಕಬೇಕಾದವಳಾದಳು. ಗಿರಿಜಾಬಾಯಿ ಆ ಹಣವನ್ನ ಮುಟ್ಟಲೇ ಇಲ್ಲ. ತವರಿನಿಂದ ತನಗೆ ಬಂದಿದ್ದ ಆಸ್ತಿಯಲ್ಲೇ ಮಗಳನ್ನ ಸಾಕ್ತೀನಿ ಅಂತ ನಿರ್ಧರಿಸಿದರು. ಈ ತವರಿನ ಆಸ್ತಿಯ ಮಾತನ್ನ ಸ್ವಲ್ಪ ನೆನಪಿಟ್ಟುಕೊಳ್ಳಿ, ಮುಂದೆ ಸಿನಿಮಾ ಕಥೆಗೆ ಬಂದಾಗ ಬೇಕಾಗುತ್ತೆ.

ಕಾನೂನಿನ ವಿಷಯ ಬಂದಿದ್ದಕ್ಕೆ ಒಂದು ಮಾತು ಸೇರಿಸ್ತೀವಿ. ಆಗ ಮಂಗಳೂರು ಮದರಾಸು ಪ್ರಾಂತ್ಯದಲ್ಲಿತ್ತು, ಘಟ್ಟದ ಮೇಲಿನ ಮಂಜರಾಬಾದು ತಾಲೂಕು, ಅಂದರೆ ಈಗಿನ ಸಕಲೇಶಪುರ ಸೀಮೆ, ಮೈಸೂರು ಸಂಸ್ಥಾನದಲ್ಲಿತ್ತು. ಮೈಸೂರಿನಲ್ಲಿ 1933ರಲ್ಲೇ ಹಿಂದೂ ಹೆಂಗಸರ ಹಕ್ಕಿನ ಕಾನೂನು ಬಂತು. ಬ್ರಿಟಿಷ್ ಭಾರತದಲ್ಲಿ ವಿಧವೆಗೆ ಗಂಡನ ಆಸ್ತಿಯಲ್ಲಿ ಒಂದಿಷ್ಟು ಪಾಲು ಸಿಗೋಕೆ 1937 ಬರಬೇಕಾಯಿತು, ಅದೂ ಬದುಕಿರೋವರೆಗೆ ಮಾತ್ರ. ಪೂರ್ತಿ ಹಕ್ಕು ಸಿಕ್ಕಿದ್ದು 1956ರ ಉತ್ತರಾಧಿಕಾರ ಕಾಯ್ದೆಯಲ್ಲಿ. ಮಗಳಿಗೆ ಮಗನಷ್ಟೇ ಪಿತ್ರಾರ್ಜಿತ ಹಕ್ಕು ಅಂತ ದೇಶಕ್ಕೆಲ್ಲ ಆಗಿದ್ದು 2005ರಲ್ಲಿ. ನಮ್ಮಲ್ಲಿ ಹೆಚ್ಚಿನವರು ಹುಟ್ಟಿದ್ದು ಅದರ ಆಸುಪಾಸಿನಲ್ಲೇ. ಅಷ್ಟು ಹೊಸದು ಇದು.

1917ರಲ್ಲಿ, ಹದಿನಾಲ್ಕನೇ ವಯಸ್ಸಿಗೆ ಕಮಲಾದೇವಿಗೆ ಮದುವೆ ಮಾಡಿದರು. ಎರಡು ವರ್ಷದೊಳಗೆ ಗಂಡ ಕೃಷ್ಣರಾವ್ ತೀರಿಕೊಂಡರು. ನಾವು ಎಸ್ಸೆಸ್ಸೆಲ್ಸಿ ಬರೆಯೋ ವಯಸ್ಸಿಗೆ ಆ ಹುಡುಗಿ ವಿಧವೆ. ಆ ಕಾಲದ ದೊಡ್ಡ ಮನೆಗಳಲ್ಲಿ ಬಾಲವಿಧವೆಗೆ ಏನೇನು ಕಾದಿರುತ್ತಿತ್ತು ಅನ್ನೋದನ್ನ ಇಲ್ಲಿ ವಿವರಿಸಬೇಕಾಗಿಲ್ಲ, ನಮ್ಮ ಅಜ್ಜಿಯರ ಕಾಲದವರೆಗೂ ಅದು ನಡೆದೇ ಇತ್ತು. ವಿಧವಾ ವಿವಾಹ ಕಾನೂನು ಪ್ರಕಾರ ಸರಿ ಅಂತಾಗಿ 1856ರಿಂದ ಅರವತ್ತು ವರ್ಷ ಕಳೆದಿದ್ದವು. ಕಾಗದದ ಮೇಲೆ. ಮನೆತನದ ಹೆಸರಿನ ಲೆಕ್ಕದಲ್ಲಿ ಆ ಕಾಯ್ದೆಗೆ ಬೆಲೆಯೇ ಇರಲಿಲ್ಲ.

ಕಮಲಾದೇವಿ ಮೂಲೆ ಸೇರಲಿಲ್ಲ. ಮದರಾಸಿನ ಕ್ವೀನ್ ಮೇರಿಸ್ ಕಾಲೇಜಿಗೆ ಓದೋಕೆ ಹೋದರು. ಅಲ್ಲಿ ಸುಹಾಸಿನಿ ಅನ್ನೋ ಗೆಳತಿ ಸಿಕ್ಕಳು, ಸರೋಜಿನಿ ನಾಯ್ಡು ಅವರ ತಂಗಿ. ಅವಳ ಮೂಲಕ ಅಣ್ಣ ಹರೀಂದ್ರನಾಥರ ಪರಿಚಯ. ಅವರು ಕವಿ, ನಾಟಕಕಾರ, ನಟ, ಹಾಡುಗಾರ, ಎಲ್ಲವೂ. ಹಳೆಯ ಹಿಂದಿ ಸಿನಿಮಾ ನೋಡೋ ಅಭ್ಯಾಸ ಇರೋರಿಗೆ ಅವರ ಮುಖ ಗೊತ್ತಿರುತ್ತೆ, 1972ರ ಬಾವರ್ಚಿ ಚಿತ್ರದ ತಾತ ಅವರೇ. ಇಬ್ಬರೂ ಮದುವೆಯಾದರು. ಊರವರ ಕಣ್ಣಿಗೆ ಇದರಲ್ಲಿ ಒಂದಲ್ಲ ಮೂರು ತಪ್ಪು. ಹುಡುಗಿ ವಿಧವೆ, ಹುಡುಗ ಬೇರೆ ಭಾಷೆಯವನು, ಸಾಲದ್ದಕ್ಕೆ ನಾಟಕದವನು. ಟೀಕೆ ಬೇಕಾದಷ್ಟು ಬಂತು. ಆಮೇಲೆ ಗಂಡ ಹೆಂಡತಿ ಲಂಡನ್ನಿಗೆ ಹೋದರು, ಅಲ್ಲಿ ಬೆಡ್‌ಫರ್ಡ್ ಕಾಲೇಜಿನಲ್ಲಿ ಕಮಲಾದೇವಿ ಸಮಾಜಶಾಸ್ತ್ರ ಓದಿದರು. ಅಸಹಕಾರ ಚಳವಳಿಯ ಸುದ್ದಿ ಕೇಳಿ 1923ರಲ್ಲಿ ವಾಪಸ್ ಬಂದು ಸೇವಾದಳ ಸೇರಿದರು. ಗಂಡನ ಜೊತೆ ನಾಟಕಗಳನ್ನ ಊರೂರಿಗೆ ತಗೊಂಡು ಹೋದರು. ಅವರಿಗೆ ಒಬ್ಬ ಮಗ, ರಾಮಕೃಷ್ಣ.

1926ರಲ್ಲಿ ಇನ್ನೊಂದು. ಮದರಾಸು ಶಾಸನ ಪರಿಷತ್ತಿಗೆ ಹೆಂಗಸರೂ ನಿಲ್ಲಬಹುದು ಅಂತಾಯಿತು. ಮಾರ್ಗರೆಟ್ ಕಸಿನ್ಸ್ ಅನ್ನೋ ಐರಿಷ್ ಮಹಿಳೆ ಹುರಿದುಂಬಿಸಿದರು, ಕಮಲಾದೇವಿ ಮಂಗಳೂರಿನಿಂದ ನಿಂತೇಬಿಟ್ಟರು. ಭಾರತದಲ್ಲಿ ಶಾಸನಸಭೆ ಚುನಾವಣೆಗೆ ನಿಂತ ಮೊದಲ ಹೆಂಗಸು ಅಂತ ಅವರ ಹೆಸರೇ ಇದೆ. ಪ್ರಚಾರಕ್ಕೆ ಸಿಕ್ಕಿದ್ದು ಕೆಲವೇ ದಿನ. ತೀರ ಕಡಿಮೆ ಮತಗಳ ಅಂತರದಲ್ಲಿ ಸೋತರು. ಆ ಊರಿನಲ್ಲಿ ಅವರ ಬಗ್ಗೆ ಏನೆಲ್ಲ ಮಾತಾಡಿದ್ದಿರಬೇಕು ಅಂತ ಯೋಚಿಸಿ, ಆಮೇಲೆ ಆ ಸಣ್ಣ ಅಂತರವನ್ನ ನೋಡಿ. ಮಾತಾಡಿದವರಲ್ಲೇ ಎಷ್ಟೋ ಜನ ವೋಟು ಹಾಕಿದ್ದಿರಬೇಕು ಅಂತ ನಮ್ಮ ಅನುಮಾನ.

ಈಗ ಸಿನಿಮಾಕ್ಕೆ ಬರೋಣ.

ಭಾರತದಲ್ಲಿ ಸಿನಿಮಾ ಶುರುವಾದಾಗ ಹೆಂಗಸರ ಪಾತ್ರಕ್ಕೆ ಹೆಂಗಸರೇ ಸಿಗ್ತಿರಲಿಲ್ಲ. 1913ರ ರಾಜಾ ಹರಿಶ್ಚಂದ್ರದಲ್ಲಿ ತಾರಾಮತಿ ಆಗಿದ್ದು ಸಾಳುಂಕೆ ಅನ್ನೋ ಗಂಡಸು, ಅದಕ್ಕೂ ಮುಂಚೆ ಅಡುಗೆ ಮನೆಯಲ್ಲಿ ಕೆಲಸ ಮಾಡಿಕೊಂಡಿದ್ದವನು. ಫಾಲ್ಕೆಯವರ ಮುಂದಿನ ಚಿತ್ರಕ್ಕೆ ದುರ್ಗಾಬಾಯಿ ಕಾಮತ್ ಮತ್ತು ಅವರ ಮಗಳು ಬಂದರು. ಆದರೂ ಮುಂದೆ ಬಹಳ ವರ್ಷ ನಟಿ ಅಂದರೆ ಮನೆತನ ಇಲ್ಲದವಳು ಅನ್ನೋ ಅರ್ಥವೇ ನಡೆದುಕೊಂಡು ಬಂತು. ನಮ್ಮಲ್ಲಿ ಗುಬ್ಬಿ ವೀರಣ್ಣನವರ ಕಂಪನಿಯಲ್ಲಿ ಹೆಂಗಸರು ರಂಗಕ್ಕೆ ಬಂದಿದ್ದರು, ವೀರಣ್ಣನವರು ಮೂಕಿ ಚಿತ್ರಗಳಿಗೂ ಕೈಹಾಕಿದರು. ಹಾಗಂತ ವಕೀಲರ, ಅಧಿಕಾರಿಗಳ ಮನೆಯ ಹೆಣ್ಣುಮಕ್ಕಳು ಅತ್ತ ಸುಳಿಯೋ ಹಾಗಿರಲಿಲ್ಲ. ನಾಟಕ ನೋಡಬಹುದು, ಆಡಬಾರದು.

ಮೋಹನ್ ಭವನಾನಿ ಅಂತ ಒಬ್ಬ ನಿರ್ದೇಶಕರು, ಸಿಂಧ್ ಕಡೆಯವರು, ಜರ್ಮನಿಗೆ ಹೋಗಿ ಸಿನಿಮಾ ಕೆಲಸ ಕಲಿತು ಬಂದವರು. ಶೂದ್ರಕನ ಮೃಚ್ಛಕಟಿಕ ನಾಟಕವನ್ನ ಅವರು ವಸಂತಸೇನೆ ಅನ್ನೋ ಮೂಕಿ ಚಿತ್ರ ಮಾಡಿದರು. ಟಾಕಿ ಬರೋದಕ್ಕೆ ಸ್ವಲ್ಪ ಮುಂಚಿನ ಮಾತು. ಆಲಂ ಆರಾ ತೆರೆ ಕಂಡಿದ್ದು 1931ರ ಮಾರ್ಚ್‌ನಲ್ಲಿ, ನಮ್ಮ ಸತಿ ಸುಲೋಚನ 1934ರಲ್ಲಿ. ಆ ಚಿತ್ರದ ಪಾತ್ರವರ್ಗ ನೋಡಿದರೆ ಈಗಲೂ ಹುಬ್ಬೇರುತ್ತೆ. ಓದಿಕೊಂಡ ನೃತ್ಯಗಾತಿ ಏಣಾಕ್ಷಿ ರಾಮರಾವ್, ಕಮಲಾದೇವಿ, ಜೊತೆಗೆ ನಮ್ಮ ಟಿ. ಪಿ. ಕೈಲಾಸಂ.

ಕೈಲಾಸಂ ಬಗ್ಗೆ ಎರಡು ಮಾತು ಹೇಳದೆ ಮುಂದೆ ಹೋದರೆ ಕನ್ನಡ ಸಂಘಕ್ಕೇ ಅವಮಾನ. ಅವರು ನಮ್ಮ ಪೈಕಿಯವರು, ಅಂದರೆ ವಿಜ್ಞಾನ ಓದಿ ನಾಟಕಕ್ಕೆ ಹೋದವರು. ಲಂಡನ್ನಿನ ರಾಯಲ್ ಕಾಲೇಜ್ ಆಫ್ ಸೈನ್ಸ್‌ನಲ್ಲಿ ಭೂವಿಜ್ಞಾನ ಓದಿ, ಮೈಸೂರು ಸಂಸ್ಥಾನದ ಭೂವಿಜ್ಞಾನ ಇಲಾಖೆಯಲ್ಲಿ ಕೆಲಸಕ್ಕೆ ಸೇರಿದ್ದರು. ತಂದೆ ಪರಮಶಿವ ಅಯ್ಯರ್ ನ್ಯಾಯಾಂಗದಲ್ಲಿ ಉನ್ನತ ಹುದ್ದೆಯಲ್ಲಿದ್ದವರು. ಅಂಥ ಮನೆಯ ಮಗ ಸರ್ಕಾರಿ ಕೆಲಸ ಬಿಟ್ಟು ನಾಟಕ ಬರೆದುಕೊಂಡು ಕೂತರೆ ಏನಾಗುತ್ತೆ? ಕ್ಯಾಂಪಸ್ ಪ್ಲೇಸ್‌ಮೆಂಟ್ ಆಗಿ ಆರು ತಿಂಗಳಿಗೆ ಕೆಲಸ ಬಿಟ್ಟು ಸಿನಿಮಾ ಮಾಡ್ತೀನಿ ಅಂತ ಮನೆಗೆ ಬಂದ ಸೀನಿಯರ್ ಯಾರಾದರೂ ನಿಮಗೆ ಗೊತ್ತಿದ್ದರೆ ಅವರನ್ನೇ ಕೇಳಿ. ಆದರೆ ಒಂದು ವ್ಯತ್ಯಾಸ ಗಮನಿಸಬೇಕು. ಕೈಲಾಸಂ ಹಾಗೆ ಬದುಕಿದ್ದಕ್ಕೆ ಜನ ಅವರನ್ನ ವಿಚಿತ್ರ ಮನುಷ್ಯ, ಪ್ರತಿಭಾವಂತ ಅಂದರು. ಅದೇ ಕೆಲಸ ಮಾಡಿದ ಹೆಂಗಸಿಗೆ ಆ ರಿಯಾಯಿತಿ ಇರಲಿಲ್ಲ.

ಕಥೆ ಗೊತ್ತಿಲ್ಲದವರಿಗಾಗಿ ಚಿಕ್ಕದಾಗಿ ಹೇಳ್ತೀವಿ. ಉಜ್ಜಯಿನಿಯ ಚಾರುದತ್ತ ದಾನ ಮಾಡಿ ಮಾಡಿ ಬಡವನಾದ ದೊಡ್ಡ ಮನುಷ್ಯ. ಹಣ ಹೋಗಿದೆ, ಹೆಸರು ಉಳಿದಿದೆ. ಗಣಿಕೆ ವಸಂತಸೇನೆ ಅವನನ್ನ ಮೆಚ್ಚಿ ತನ್ನ ಒಡವೆ ಗಂಟನ್ನ ಅವನ ಮನೆಯಲ್ಲಿ ನಂಬಿಕೆಗೆ ಇಟ್ಟಿರ್ತಾಳೆ. ರಾತ್ರಿ ಶರ್ವಿಲಕ ಅನ್ನೋನು ಗೋಡೆಗೆ ಕನ್ನ ಹಾಕಿ ಗಂಟು ಎಗರಿಸ್ತಾನೆ. ಸಿವಿಲ್ ಬ್ರಾಂಚಿನವರು ಈ ದೃಶ್ಯ ಓದಲೇಬೇಕು. ಇಟ್ಟಿಗೆ ಗೋಡೆಗೆ ಹೇಗೆ ಕನ್ನ ಹಾಕಬೇಕು, ತೂತು ಯಾವ ಆಕಾರದಲ್ಲಿರಬೇಕು, ತೇವ ಎಲ್ಲಿದೆ ಅಂತೆಲ್ಲ ಶಾಸ್ತ್ರೋಕ್ತವಾಗಿ ಲೆಕ್ಕ ಹಾಕೋ ಕಳ್ಳ ಅವನು. ಅಳೆಯೋ ದಾರ ಮರೆತು ಬಂದಿದ್ದಕ್ಕೆ ಜನಿವಾರದಲ್ಲೇ ಅಳತೆ ತಗೋತಾನೆ.

ಬೆಳಗಾದರೆ ಚಾರುದತ್ತನ ಮಾನದ ಪ್ರಶ್ನೆ. ಕಳವಾಯಿತು ಅಂದರೆ ಯಾರು ನಂಬ್ತಾರೆ? ಬಡವ, ತಾನೇ ನುಂಗಿದ ಅಂತಾರೆ. ಆಗ ಮುಂದೆ ಬರೋಳು ಅವನ ಹೆಂಡತಿ ಧೂತೆ. ತವರು ಮನೆಯಿಂದ ಬಂದ ರತ್ನಹಾರ ಒಂದೇ ಅವಳ ಹತ್ತಿರ ಉಳಿದಿರೋದು. ನೇರವಾಗಿ ಕೊಟ್ಟರೆ ಗಂಡ ತಗೊಳ್ಳೋದಿಲ್ಲ ಅಂತ ವ್ರತದ ನೆಪ ಹೇಳಿ ವಿದೂಷಕನ ಕೈಯಲ್ಲಿ ಕೊಟ್ಟು ಕಳಿಸ್ತಾಳೆ. ಆ ಹಾರ ಗಂಡ ಮೆಚ್ಚಿದ ಗಣಿಕೆಯ ಮನೆಗೇ ಹೋಗುತ್ತೆ. ಚಾರುದತ್ತನ ಹೆಸರು ಉಳಿಯುತ್ತೆ. ಮುಂದೆ ರಾಜನ ಭಾವಮೈದ ಶಕಾರ ವಸಂತಸೇನೆಯ ಕತ್ತು ಹಿಸುಕಿ, ಸತ್ತಳು ಅಂದುಕೊಂಡು ತಪ್ಪನ್ನ ಚಾರುದತ್ತನ ತಲೆಗೆ ಕಟ್ಟೋದು, ನ್ಯಾಯಸ್ಥಾನದಲ್ಲಿ ವಿಚಾರಣೆ, ವಧ್ಯಸ್ಥಾನಕ್ಕೆ ಮೆರವಣಿಗೆ, ಕೊನೇ ಗಳಿಗೆಯಲ್ಲಿ ವಸಂತಸೇನೆ ಜೀವಂತ ಬರೋದು, ಅತ್ತ ಧೂತೆ ಬೆಂಕಿಗೆ ಹಾರೋಕೆ ಹೊರಟಿರೋದು, ಇದೆಲ್ಲ ಹತ್ತು ಅಂಕದ ದೊಡ್ಡ ಕಥೆ.

ನಮಗೆ ಈ ಕಥೆಯಲ್ಲಿ ಎಲ್ಲಕ್ಕಿಂತ ಕಾಡೋದು ಆ ಹಾರ. ನಾಟಕದ ಹೆಸರು ಮಣ್ಣಿನ ಬಂಡಿ, ನೆನಪಲ್ಲಿ ಉಳಿಯೋಳು ವಸಂತಸೇನೆ, ಮಾನ ಉಳಿಯೋದು ಚಾರುದತ್ತನದು. ಬೆಲೆ ಕೊಟ್ಟಿದ್ದು ಮಾತ್ರ ಧೂತೆಯ ತವರಿನ ಪೆಟ್ಟಿಗೆ. ಗಿರಿಜಾಬಾಯಿಯ ತವರಿನ ಆಸ್ತಿ ನೆನಪಿಟ್ಟುಕೊಳ್ಳಿ ಅಂದಿದ್ದು ಇದಕ್ಕೇ. ಗಂಡನ ಮನೆತನ ಕೈಬಿಟ್ಟಾಗ ಆಕೆಯೂ ತೆಗೆದಿದ್ದು ತವರಿನ ಪೆಟ್ಟಿಗೆಯನ್ನೇ. ಆದರೆ ಖರ್ಚು ಮಾಡಿದ್ದು ಮನೆತನದ ಹೆಸರು ಉಳಿಸೋಕಲ್ಲ, ಮಗಳನ್ನ ಬೆಳೆಸೋಕೆ. ಆ ಮಗಳು ಬೆಳೆದು ಇದೇ ಕಥೆಯ ಸಿನಿಮಾದಲ್ಲಿ ನಿಂತಳು. ಕಮಲಾದೇವಿಗೆ ಈ ಹೋಲಿಕೆ ಹೊಳೆದಿತ್ತೋ ಇಲ್ಲವೋ, ಇದು ನಮ್ಮ ಓದು.

ಮೂಕಿ ಚಿತ್ರದಲ್ಲಿ ನಟಿಸೋದು ಇವತ್ತಿನ ಹಾಗಲ್ಲ. ಧ್ವನಿ ಇಲ್ಲ, ಅಲ್ಲಲ್ಲಿ ಬರಹದ ಫಲಕ ಬರುತ್ತೆ ಅಷ್ಟೆ. ಉಳಿದಿದ್ದೆಲ್ಲ ಕಣ್ಣು, ಕೈ, ನಿಲ್ಲೋ ರೀತಿಯಲ್ಲೇ ತಿಳಿಸಬೇಕು. ಕ್ಯಾಮೆರಾ ಕೈಯಲ್ಲಿ ತಿರುಗಿಸೋದು, ಸೆಕೆಂಡಿಗೆ ಸುಮಾರು 16ರಿಂದ 18 ಚೌಕಟ್ಟು. ಟಾಕಿ ಬಂದ ಮೇಲೆ ಧ್ವನಿಗೋಸ್ಕರ 24 ಅಂತ ಗಟ್ಟಿಯಾಗಿದ್ದು. ಹಳೆಯ ಮೂಕಿ ಚಿತ್ರಗಳಲ್ಲಿ ಜನ ಓಡೋಡಿ ನಡೆಯೋ ಹಾಗೆ ಕಾಣೋದು ಅವರ ತಪ್ಪಲ್ಲ, 16ರಲ್ಲಿ ತೆಗೆದಿದ್ದನ್ನ ನಾವು 24ರಲ್ಲಿ ಓಡಿಸ್ತೀವಿ. ಫಿಲ್ಮ್ ಕೂಡ ಸೆಲ್ಯುಲೋಸ್ ನೈಟ್ರೇಟ್. ಅದರೊಳಗೇ ಆಮ್ಲಜನಕ ಇರೋದರಿಂದ ಒಮ್ಮೆ ಹೊತ್ತಿಕೊಂಡರೆ ನೀರು ಹಾಕಿದರೂ ಆರೋದಿಲ್ಲ. ಸುಮ್ಮನೆ ಡಬ್ಬಿಯಲ್ಲಿಟ್ಟರೂ ನಿಧಾನವಾಗಿ ಅಂಟಂಟಾಗಿ, ಕೊನೆಗೆ ಕಂದು ಪುಡಿಯಾಗಿಬಿಡುತ್ತೆ. ಎಷ್ಟೋ ರೀಲುಗಳನ್ನ ಅದರಲ್ಲಿನ ಬೆಳ್ಳಿಗೋಸ್ಕರ ಕರಗಿಸಿದರು. ನಮ್ಮ ದೇಶದ ಸಾವಿರಕ್ಕೂ ಹೆಚ್ಚು ಮೂಕಿ ಚಿತ್ರಗಳಲ್ಲಿ ಬೆರಳೆಣಿಕೆಯಷ್ಟು ಮಾತ್ರ ಉಳಿದಿವೆ. ವಸಂತಸೇನೆಯನ್ನ ನಾವು ನೀವು ನೋಡೋ ಹಾಗಿಲ್ಲ.

ಅಭಿನಯವನ್ನ ಕಮಲಾದೇವಿ ಹವ್ಯಾಸ ಅಂತ ತಗೊಂಡವರಲ್ಲ. ಕೇರಳದ ಕೂಡಿಯಾಟ್ಟಂ ಗುರು ಮಾಣಿ ಮಾಧವ ಚಾಕ್ಯಾರರ ಮನೆಯಲ್ಲೇ ಉಳಿದು ಅಭಿನಯ ಕಲಿತವರು. ಕಣ್ಣಿನಲ್ಲೇ ಇಡೀ ಕಥೆ ಹೇಳಬಲ್ಲವರು ಅಂತ ಆ ಗುರುಗಳ ಖ್ಯಾತಿ. ಯಕ್ಷಗಾನದ ನೆಲದಲ್ಲಿ ಹುಟ್ಟಿದ ಹೆಂಗಸಿಗೆ ರಂಗ ಅಂದರೆ ಜಾತ್ರೆಯ ಮೋಜು ಆಗಿರಲಿಲ್ಲ, ವಿದ್ಯೆಯಾಗಿತ್ತು. ಹಾಗಾಗಿ ಸಿನಿಮಾಕ್ಕೆ ಹೋಗಿದ್ದನ್ನ ಅವರು ಮುಚ್ಚಿಡಲೂ ಇಲ್ಲ, ಅದಕ್ಕೆ ಕ್ಷಮೆ ಕೇಳಲೂ ಇಲ್ಲ.

ಆ ಹೊತ್ತಿಗೆ ಅವರು ಯಾರು ಅನ್ನೋದನ್ನೂ ನೋಡಬೇಕು. ಸಿನಿಮಾ ಬಿಟ್ಟು ಬೇರೆ ದಾರಿ ಇಲ್ಲದ ಅನಾಥೆಯಲ್ಲ. 1927ರಲ್ಲಿ ಶುರುವಾದ ಅಖಿಲ ಭಾರತ ಮಹಿಳಾ ಸಮ್ಮೇಳನದ ಮೊದಲ ಸಂಘಟನಾ ಕಾರ್ಯದರ್ಶಿ. ಹುಡುಗಿಯರ ಮದುವೆಗೆ ಕನಿಷ್ಠ 14 ವರ್ಷ ಅಂತ ಮಾಡಿದ 1929ರ ಶಾರದಾ ಕಾಯ್ದೆಗೆ ಬೆಂಬಲ ಕಟ್ಟಿದ ಸಂಘಟನೆ ಅದು. ತಾನೇ ಹದಿನಾಲ್ಕಕ್ಕೆ ಮದುವೆಯಾದವರು ಆ ಅಂಕೆಯನ್ನ ಕಾನೂನಿನಲ್ಲಿ ನೋಡಿದಾಗ ಏನನ್ನಿಸಿತೋ. ಸಾರ್ವಜನಿಕ ಕೆಲಸದಲ್ಲಿರೋ ಹೆಂಗಸು ಹೆಸರು ಕೆಡದ ಹಾಗೆ ಇನ್ನೂ ಹುಷಾರಾಗಿರಬೇಕು ಅನ್ನೋದು ಆಗಿನ ಬುದ್ಧಿಮಾತು, ಈಗಿನದೂ ಹೌದು. ಅವರು ಸಮ್ಮೇಳನದ ವೇದಿಕೆ, ನಾಟಕದ ರಂಗ, ಸಿನಿಮಾ ಕ್ಯಾಮೆರಾ ಮೂರರ ಮುಂದೂ ಒಂದೇ ಮುಖ ಇಟ್ಟುಕೊಂಡು ನಿಂತರು.

1930 ಬಂತು. ದಂಡಿಯಾತ್ರೆಗೆ ಗಾಂಧೀಜಿ ಆರಿಸಿದ್ದು ಬರೀ ಗಂಡಸರನ್ನ. ಕಮಲಾದೇವಿ ಹೋಗಿ ಅವರ ಹತ್ತಿರ ವಾದ ಮಾಡಿ ಉಪ್ಪಿನ ಸತ್ಯಾಗ್ರಹಕ್ಕೆ ಹೆಂಗಸರನ್ನೂ ಕರೆಯಲೇಬೇಕು ಅಂತ ಒಪ್ಪಿಸಿದರು. ಬೊಂಬಾಯಿಯ ಕಡಲ ತೀರದಲ್ಲಿ ಉಪ್ಪು ಕಾಯಿಸಿದರು. ಆ ಉಪ್ಪಿನ ಪೊಟ್ಟಣ ಹಿಡಿದು ಷೇರುಪೇಟೆಯೊಳಗೆ ನುಗ್ಗಿ ಮಾರಿದರು. ಹೈಕೋರ್ಟಿಗೆ ಹೋಗಿ ಅಲ್ಲಿದ್ದ ಮ್ಯಾಜಿಸ್ಟ್ರೇಟರಿಗೇ ಸ್ವಾತಂತ್ರ್ಯದ ಉಪ್ಪು ಕೊಳ್ತೀರಾ ಅಂತ ಕೇಳಿದರು. ಗಲಾಟೆಯಲ್ಲಿ ಬಾವುಟ ಬಿಡದೆ ತಬ್ಬಿಕೊಂಡು ನಿಂತಿದ್ದು ಪತ್ರಿಕೆಗಳಲ್ಲಿ ಬಂದು ದೇಶಕ್ಕೆಲ್ಲ ಗೊತ್ತಾಯಿತು. ಆಮೇಲೆ ಜೈಲು. ಒಳ್ಳೆ ಮನೆತನದ ಹೆಂಗಸು ಜೈಲಿಗೆ ಹೋಗೋದು ಅಂದರೆ ಸಿನಿಮಾಕ್ಕಿಂತ ದೊಡ್ಡ ಅವಮಾನ ಅನ್ನೋ ಕಾಲ. ಒಂದೆರಡು ವರ್ಷದಲ್ಲೇ ಆ ಲೆಕ್ಕ ತಲೆಕೆಳಗಾಗಿ ಜೈಲಿಗೆ ಹೋದವರ ಮನೆಗೇ ಹೆಚ್ಚು ಮರ್ಯಾದೆ ಬಂತು. ಮಾನ ಅನ್ನೋದು ಎಷ್ಟು ಬೇಗ ಪಕ್ಷ ಬದಲಾಯಿಸುತ್ತೆ ನೋಡಿ.

ಸಿನಿಮಾದ ವಿಷಯದಲ್ಲಿ ಮಾತ್ರ ಅದು ಅಷ್ಟು ಬೇಗ ಬದಲಾಗಲಿಲ್ಲ. ಈಗ ಬದಲಾಗಿದೆಯಾ? ಯುವಜನೋತ್ಸವಕ್ಕೆ ಮೈಮ್, ಸ್ಕಿಟ್ ತಂಡ ಕಟ್ಟುವಾಗ ಆಯ್ಕೆಯ ದಿನ ಹುಡುಗಿಯರು ಹುಡುಗರಷ್ಟೇ ಜನ ಬರ್ತಾರೆ. ಅಭ್ಯಾಸ ರಾತ್ರಿ ಎಂಟರವರೆಗೆ ಅಂತ ಗೊತ್ತಾದ ಮೇಲೆ, ಬೇರೆ ಊರಿಗೆ ಹೋಗಿ ಎರಡು ದಿನ ಉಳಿಯಬೇಕು ಅಂದ ಮೇಲೆ, ವಿಡಿಯೋ ಯೂಟ್ಯೂಬಿಗೆ ಹಾಕ್ತಾರೆ ಅಂತ ಮನೆಯಲ್ಲಿ ತಿಳಿದ ಮೇಲೆ, ಒಬ್ಬೊಬ್ಬರೇ ಕಡಿಮೆ ಆಗ್ತಾರೆ. ಯಾರ ಮನೆಯವರೂ ಕೆಟ್ಟವರಲ್ಲ. ಆಡೋದು ಬೇಡ ಅಂತ ಯಾರೂ ಹೇಳೋದಿಲ್ಲ. ನೋಡಿದವರು ಏನಂದುಕೊಳ್ತಾರೆ ಅಂತಷ್ಟೇ ಕೇಳ್ತಾರೆ. ಒಂದು ವರ್ಷ ನಾವು ಹೆಂಗಸಿನ ಪಾತ್ರಕ್ಕೆ ಹುಡುಗನಿಗೆ ಸೀರೆ ಉಡಿಸಿ ಕಳಿಸಿದ್ದೂ ಇದೆ, ಸಾಳುಂಕೆಯಿಂದ ಶತಮಾನ ಕಳೆದ ಮೇಲೆ. ಸೀರೆ ಚೆನ್ನಾಗಿ ಉಟ್ಟಿದ್ದ ಅನ್ನೋದು ಬೇರೆ ಮಾತು.

ಕಮಲಾದೇವಿಯ ಮುಂದಿನ ಬದುಕು ದೊಡ್ಡದು, ಎಲ್ಲ ಹೇಳಹೊರಟರೆ ಪತ್ರಿಕೆ ಸಾಲದು. ಹರೀಂದ್ರನಾಥರ ಜೊತೆಗಿನ ಸಂಸಾರ ಮುರಿಯಿತು. ಬೇರೆ ಬೇರೆ ಇದ್ದುಕೊಂಡು ಊರಿಗೆ ಮಾತ್ರ ಗಂಡ ಹೆಂಡತಿ ಅಂತ ಕಾಣಿಸಿಕೊಳ್ಳೋ ದಾರಿ ಇತ್ತು, ಬಹಳ ಮನೆತನಗಳು ಹಿಡಿದಿದ್ದು ಅದನ್ನೇ. ಇವರು ನ್ಯಾಯಾಲಯಕ್ಕೆ ಹೋಗಿ ಕಾನೂನು ಪ್ರಕಾರ ಬೇರೆಯಾದರು. ಮೊದಲ ಗಂಡ ಸತ್ತಾಗ ಊರು ಕೊಟ್ಟ ಹೆಸರು ವಿಧವೆ, ಎರಡನೆಯ ಸಲ ವಿಚ್ಛೇದಿತೆ. ಚಟ್ಟೋಪಾಧ್ಯಾಯ ಅನ್ನೋ ಹೆಸರನ್ನ ಬಿಡದೆ ಕೊನೆಯವರೆಗೂ ಇಟ್ಟುಕೊಂಡರು. ಅಷ್ಟು ಹೊತ್ತಿಗೆ ಆ ಹೆಸರು ಗಂಡನಷ್ಟೇ ಅವರದೂ ಆಗಿತ್ತು.

1936ರಲ್ಲಿ ಕಾಂಗ್ರೆಸ್ ಸೋಷಲಿಸ್ಟ್ ಪಕ್ಷದ ಅಧ್ಯಕ್ಷೆ. ಎರಡನೇ ಮಹಾಯುದ್ಧ ಶುರುವಾದಾಗ ವಿದೇಶದಲ್ಲಿದ್ದವರು ಅಮೆರಿಕಕ್ಕೆ ಹೋದರು. ಅಲ್ಲಿ 1941ರಲ್ಲಿ ಒಂದು ರೈಲಿನಲ್ಲಿ ಬಿಳಿಯರ ಬೋಗಿಯಲ್ಲಿ ಕೂತಿದ್ದರು. ಟಿಕೆಟ್ ನೋಡೋನು ಬಂದು ಎದ್ದು ಬೇರೆ ಬೋಗಿಗೆ ಹೋಗಿ ಅಂದ. ಮಾತಿಗೆ ಮಾತು ಬೆಳೆದಾಗ ಈಕೆ ಭಾರತದವರು ಅಂತ ಅವನಿಗೆ ಗೊತ್ತಾಯಿತು. ವಿದೇಶಿ ಗಣ್ಯರು ಅಂತ ಹೇಳಿಕೊಂಡು ತಪ್ಪಿಸಿಕೊಳ್ಳೋ ಅವಕಾಶ ಅಲ್ಲೇ ಇತ್ತು. ಅದನ್ನ ಬಳಸದೆ, ತಾನೂ ಬಣ್ಣದವಳೇ, ಏಳೋದಿಲ್ಲ ಅಂತ ಕೂತೇ ಇದ್ದರು. ಅವನೇ ಹೊರಟುಹೋದ. ರೋಸಾ ಪಾರ್ಕ್ಸ್ ಬಸ್ಸಿನಲ್ಲಿ ಏಳದೆ ಕೂತಿದ್ದು ಇದಕ್ಕೆ ಹದಿನಾಲ್ಕು ವರ್ಷ ಆದ ಮೇಲೆ.

ಸ್ವಾತಂತ್ರ್ಯ ಬಂದ ಮೇಲೆ ಅಧಿಕಾರದ ಕುರ್ಚಿ ಹುಡುಕಿಕೊಂಡು ಹೋಗಲಿಲ್ಲ. 1948ರಲ್ಲಿ ಇಂಡಿಯನ್ ಕೋಆಪರೇಟಿವ್ ಯೂನಿಯನ್ ಕಟ್ಟಿದರು. ವಾಯುವ್ಯ ಗಡಿ ಪ್ರಾಂತ್ಯದಿಂದ ಮನೆಮಠ ಬಿಟ್ಟು ಬಂದ ನಿರಾಶ್ರಿತರಿಗೆ ದೆಹಲಿ ಪಕ್ಕದ ಫರೀದಾಬಾದ್ ಊರು ಎದ್ದು ನಿಂತ ಕೆಲಸದಲ್ಲಿ ಅವರದು ದೊಡ್ಡ ಪಾಲು. ಭಿಕ್ಷೆಯ ಹಾಗೆ ಪರಿಹಾರ ಹಂಚೋದಕ್ಕೆ ಅವರು ವಿರೋಧಿ. ನಿರಾಶ್ರಿತರೇ ಕೈಯಾರೆ ಮನೆ ಕಟ್ಟಿಕೊಂಡರು. ತಿಂಗಳ ಜೀವನಾಂಶವನ್ನ ಮುಟ್ಟದ ತಾಯಿಯ ಮಗಳು ಬೇರೆ ಥರ ಯೋಚಿಸೋದು ಕಷ್ಟವಿತ್ತು.

1952ರಿಂದ ಅಖಿಲ ಭಾರತ ಕರಕುಶಲ ಮಂಡಳಿ. ಹೊಸ ದೇಶ ಅಣೆಕಟ್ಟು, ಉಕ್ಕಿನ ಕಾರ್ಖಾನೆ ಅಂತ ಓಡ್ತಿದ್ದ ಕಾಲ. ನಾವು ಎಂಜಿನಿಯರಿಂಗ್ ಓದೋರು, ಆ ಓಟವನ್ನ ತಪ್ಪು ಅನ್ನೋದಿಲ್ಲ. ಆದರೆ ಅದರ ನಡುವೆ ಹಳ್ಳಿಯ ನೇಕಾರ, ಕುಂಬಾರ, ಬಡಗಿ, ಕಂಚುಗಾರರಿಗೂ ತಲೆಮಾರುಗಳ ತಾಂತ್ರಿಕ ಜ್ಞಾನ ಇದೆ, ಅದು ಸತ್ತರೆ ಮತ್ತೆ ಸಿಗೋದಿಲ್ಲ ಅಂತ ಊರೂರು ಅಲೆದು ಪಟ್ಟಿ ಮಾಡಿದ್ದು ಈ ಹೆಂಗಸು. ಕಾಳಹಸ್ತಿಯ ಕಲಂಕಾರಿ, ಜೈಪುರದ ನೀಲಿ ಮಡಿಕೆ, ಇಂಥವು ಇವತ್ತು ಅಂಗಡಿಯಲ್ಲಿ ಸಿಗ್ತಿವೆ ಅಂದರೆ ಅದರ ಹಿಂದೆ ಆ ಮಂಡಳಿಯ ಕೆಲಸ ಇದೆ. ವಿನ್ಯಾಸ ಕೇಂದ್ರಗಳಲ್ಲಿ ಒಂದನ್ನ ಬೆಂಗಳೂರಿನಲ್ಲೂ ತೆರೆದರು. ಎಮ್ಮೆಸ್ಸಿ ಮಟ್ಟದ ರಸಾಯನಶಾಸ್ತ್ರ ಗೊತ್ತಿರೋರು ಬಣ್ಣ ಹಾಕೋ ಅಜ್ಜನ ಮುಂದೆ ಕೂತು ಟಿಪ್ಪಣಿ ಮಾಡಿಕೊಳ್ಳಬೇಕಾದ ಪರಿಸ್ಥಿತಿ ಅದು. ಗೋಣಿ ದಾರ, ಅರಗು, ಎಲೆಯ ಕಷಾಯ, ಯಾವುದಕ್ಕೂ ಲಿಖಿತ ಪಾಠ ಇರಲಿಲ್ಲ.

1955ರಲ್ಲಿ ಪದ್ಮಭೂಷಣ, 1966ರಲ್ಲಿ ಮ್ಯಾಗ್ಸೆಸೆ, 1974ರಲ್ಲಿ ಸಂಗೀತ ನಾಟಕ ಅಕಾಡೆಮಿಯ ಫೆಲೋಶಿಪ್, 1987ರಲ್ಲಿ ಪದ್ಮವಿಭೂಷಣ. 1986ರಲ್ಲಿ ಇಂಗ್ಲಿಷಿನಲ್ಲಿ ಆತ್ಮಕಥೆ ಬಂತು. 1988ರ ಅಕ್ಟೋಬರ್ 29ರಂದು ಬೊಂಬಾಯಿಯಲ್ಲಿ ತೀರಿಕೊಂಡರು, ಆಗ 85 ವರ್ಷ.

ನಮಗೆ ಆ ಪ್ರಶಸ್ತಿಗಳ ಪಟ್ಟಿಗಿಂತ ಹೆಚ್ಚು ಹಿಡಿಸಿದ್ದು ಅವರು ಬೇರೆಯವರಿಗೆ ಕೊಡಿಸಿದ್ದು. ನಮ್ಮ ದೇಶದಲ್ಲಿ ಒಂದು ಸೀರೆ ಬನಾರಸಿನದು, ಒಂದು ಗೊಂಬೆ ಚನ್ನಪಟ್ಟಣದ್ದು ಅಂತ ಊರಿನ ಹೆಸರು ಹೇಳೋದು ವಾಡಿಕೆ. ಮಾಡಿದವನ ಹೆಸರು ಯಾರೂ ಕೇಳ್ತಿರಲಿಲ್ಲ. ಕಮಲಾದೇವಿ ಕರಕುಶಲ ಮಂಡಳಿಯಲ್ಲಿದ್ದ ಕಾಲದಲ್ಲೇ, 1965ರಲ್ಲಿ, ಉತ್ತಮ ಕುಶಲಕರ್ಮಿಗಳಿಗೆ ರಾಷ್ಟ್ರೀಯ ಪ್ರಶಸ್ತಿ ಶುರುವಾಯಿತು. ಅಲ್ಲಿವರೆಗೂ ಊರಿನ ಹೆಸರಿನ ಹಿಂದೆ ಅಡಗಿ ಕೂತಿದ್ದ ಒಬ್ಬ ಕುಂಬಾರ, ಒಬ್ಬಳು ಕಸೂತಿಗಾತಿ ದೆಹಲಿಗೆ ಹೋಗಿ, ತಮ್ಮ ಹೆಸರು ಕೂಗಿದಾಗ ಎದ್ದು ನಿಂತು ಅದನ್ನ ತಗೊಂಡು ಬರೋ ಹಾಗಾಯಿತು.